ಒಂಬತ್ತನೇ ಸೀಸನ್ನಿನ ಅಂಗಿ

ಬೆಳಗಿನ ಐದೂಮುಕ್ಕಾಲು. ಬೀಚನಹಳ್ಳಿಯ ಹೊಳೆದಂಡೆಯಲ್ಲಿ ಇನ್ನೂ ಎದುರಿಗಿದ್ದವರ ಮುಖ ಗುರುತು ಹತ್ತುವಷ್ಟು ಬೆಳಕಿಲ್ಲ. ಅಣೆಕಟ್ಟೆಯ ಕಡೆಯಿಂದ ಬೀಸುವ ಗಾಳಿಗೆ ಹಲ್ಲು ಕಟಕಟ ಎನ್ನುತ್ತದೆ. ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡ ರಾಚಮ್ಮ ಮೊಣಕಾಲುದ್ದ ನೀರಿಗಿಳಿದು ಬಟ್ಟೆ ಒಗೆಯುತ್ತಿದ್ದಾರೆ. ಹನ್ನೆರಡು ಅಂಗಿ, ಹನ್ನೆರಡು ಚಡ್ಡಿ, ಹನ್ನೆರಡು ಜೊತೆ ಮೊಣಕಾಲು ಪಟ್ಟಿ. ಎಲ್ಲವೂ ನೀಲಿ, ಎದೆಯ ಮೇಲೆ ಅಡ್ಡಕ್ಕೆ ಹಳದಿ ಗೆರೆ. ದಂಡೆಯ ಮೇಲೆ ‘ಮೊಸಳೆಗಳಿವೆ, ನೀರಿಗಿಳಿಯಬೇಡಿ’ ಎಂದು ಬೋರ್ಡು ಹಾಕಿದ್ದಾರೆ. ಅದರ ಮೇಲೆಯೇ ಅವರು ಒಂದು ಟವೆಲ್ ಒಣಹಾಕಿದ್ದಾರೆ.

“ನಂಗೂ ಓದಕ್ಕೆ ಬರಾಕಿಲ್ಲ, ಮೊಸ್ಳೆಗೂ ಓದಕ್ಕೆ ಬರಾಕಿಲ್ಲ, ಬುಡಿ” ಎನ್ನುತ್ತಾರೆ.

ಐವತ್ತೆಂಟು ವರ್ಷದ ರಾಚಮ್ಮ ಸಂಬಳಕ್ಕೆ ಆಡುವ ಒಂದು ಕಬಡ್ಡಿ ತಂಡದ ಬಟ್ಟೆ ಒಗೆದು ಹೊಲಿಯುವ ಕೆಲಸದವರು. ಬೀಚನಹಳ್ಳಿಯ ಈ ತಂಡದ ಹೆಸರು ಕಪಿಲಾ ಪಡೆ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆಯ ಎಂಟು ತಂಡಗಳು ಸೇರಿ ಆಡುವ ನಾಲ್ಕು ತಾಲ್ಲೂಕು ಲೀಗಿನ ಹದಿನೇಳನೇ ಸೀಸನ್ನು ಮುಂದಿನ ಭಾನುವಾರ ಶುರುವಾಗುತ್ತದೆ. ಆದರೆ ಆ ಸೀಸನ್ನಿಗೆಂದೇ ಹೊಲಿಸಿ, ಈಗ ಅಭ್ಯಾಸಕ್ಕಷ್ಟೇ ತೊಡುವ ಈ ಅಂಗಿಗಳು ಲೀಗಿನ ಅಂಕಣಕ್ಕೆ ಇಳಿಯುವುದಿಲ್ಲ. ಬೀಚನಹಳ್ಳಿಯ ತಂಡಕ್ಕೆ ಈ ಸಲ ಲೀಗಿನಲ್ಲಿ ಜಾಗವಿಲ್ಲ. ಹಾಗಿದ್ದೂ ಯಾಕೆ ಒಗೆಯುತ್ತೀರಿ ಎಂದರೆ ಕೈ ನಿಲ್ಲಿಸದೆಯೇ ಉತ್ತರ ಬರುತ್ತದೆ: “ಬೆವ್ರು ಕುಂತ್ರೆ ಬಟ್ಟೆ ತಿಂತದೆ ಕಣವ್ವ. ಆಡುದ್ರೂ ಒಗೀಬೇಕು, ಆಡ್ದಿದ್ರೂ ಒಗೀಬೇಕು.”

ಜಾಗ ತಪ್ಪಿದ್ದು ಸೋತದ್ದಕ್ಕಲ್ಲ. ಒಂದು ಅಂಗಿ ಇಲ್ಲದ್ದಕ್ಕೆ.

ಎರಡು ಸಾವಿರದ ಒಂಬತ್ತರಲ್ಲಿ ಲೀಗು ಹುಟ್ಟಿದಾಗ ರಾಚಮ್ಮ ಗಂಡನನ್ನು ಕಳೆದುಕೊಂಡು ನಾಟಿ, ಕಳೆ, ಕುಯ್ಲು ಎಂದು ಸಿಕ್ಕ ಕೂಲಿಗೆ ಹೋಗುತ್ತಿದ್ದರು. ತಂಡದ ಮ್ಯಾನೇಜರ್ ಗುರುಮಲ್ಲಪ್ಪ ಒಂದು ದಿನ ಗೋಣಿಚೀಲದ ತುಂಬ ಕೊಳೆಬಟ್ಟೆ ತಂದು ಜಗಲಿಯ ಮೇಲೆ ಸುರಿದರಂತೆ. “ಮೂರ್ ತಿಂಗ್ಳು ನೋಡ್ಕೊ ರಾಚಮ್ಮ ಅಂದ್ರು. ಮೂರ್ ತಿಂಗ್ಳು ಓಗಿ ಅದ್ನಾರ್ ಸೀಸನ್ ಆಯ್ತು” ಎಂದು ನಗುತ್ತಾರೆ. ಆ ನಗು ಬಹಳ ಹೊತ್ತು ನಿಲ್ಲುವುದಿಲ್ಲ.

ಸೀಸನ್ನಿನ ಮೂರು ತಿಂಗಳು ಅವರಿಗೆ ಭಾನುವಾರವೆಂಬುದಿಲ್ಲ. ದಿನಕ್ಕೆ ಮೂವತ್ತಾರು ನಗ ಒಗೆಯಬೇಕು, ಒಣಗಿಸಬೇಕು, ಹರಿದದ್ದನ್ನು ಹೊಲಿಯಬೇಕು, ನಂಬರಿನ ಪ್ರಕಾರ ಮಡಿಸಿಡಬೇಕು. ಪಂದ್ಯದ ದಿನ ಸೂಜಿ ದಾರದ ಡಬ್ಬಿ ಹಿಡಿದು ವ್ಯಾನಿನ ಹಿಂದಿನ ಸೀಟಿನಲ್ಲಿ ಅವರೂ ಹೊರಡಬೇಕು. ಕೈ ಕೆಸರಾದರೆ ಬಾಯಿ ಮೊಸರು ಎನ್ನುತ್ತಾರೆ. ಇಲ್ಲಿ ಕೆಸರಾದ ಕೈ ಇವರದು. ಮೊಸರು ತಿಂದ ಬಾಯಿಗಳು ಸೀಸನ್ನು ಮುಗಿದಾಗ ತೆಗೆಸುವ ಗ್ರೂಪ್ ಫೋಟೋಗಳಲ್ಲಿ ಮುಂದಿನ ಸಾಲಿನ ಕುರ್ಚಿಯ ಮೇಲೆ ಕೂತಿವೆ. ರಾಚಮ್ಮ ಒಂದು ಫೋಟೋದಲ್ಲೂ ಇಲ್ಲ.

ಅವರ ವಿದ್ಯೆ ಮಾತ್ರ ದೊಡ್ಡದು. ಹಿಂದೆ ಮಣ್ಣಿನ ಅಂಕಣದಲ್ಲಿ ಆಡುತ್ತಿದ್ದಾಗ ಅಂಗಿಯ ಕೊಳೆ ನೋಡಿಯೇ ಯಾವೂರಲ್ಲಿ ಆಡಿ ಬಂದರೆಂದು ಹೇಳುತ್ತಿದ್ದರು. ಹನಗೋಡಿನ ಕೆಂಪು ಕುಕ್ಕಿದರೆ ಬಿಡುತ್ತದೆ, ಸಾಲಿಗ್ರಾಮದ ಗದ್ದೆಮಣ್ಣು ನಾಲ್ಕು ಸಲ ಉಜ್ಜಿದರೂ ಜಪ್ಪಯ್ಯ ಎನ್ನುವುದಿಲ್ಲ. ಮ್ಯಾಟು ಬಂದ ಮೇಲೆ ಮಣ್ಣು ಹೋಯಿತು, ತರಚು ಗಾಯದ ರಕ್ತ ಬಂತು. “ರಕ್ತುಕ್ಕೆ ಬಿಸ್ನೀರ್ ಆಕ್ಬಾರ್ದು, ಕಚ್ಕೊಬುಡ್ತದೆ. ತಣ್ಣೀರ್ಗೆ ಒಂದಿಡಿ ಉಪ್ಪಾಕಿ ನೆನ್ಸಬೇಕು. ಇದ ಯಾರೂ ಯೋಳ್ಕೊಟ್ಟಿಲ್ಲ ನಂಗೆ, ಐಕ್ಳು ಬಿದ್ದು ಬಿದ್ದು ಕಲ್ಸುದ್ರು.”

ಅವರ ಮನೆಯ ಮೂಲೆಯಲ್ಲಿ ಒಂದು ತಗಡಿನ ಪೆಟ್ಟಿಗೆ ಇದೆ. ಒಳಗೆ ಹದಿನೈದು ಅಂಗಿಗಳು, ಎಲ್ಲದರ ಬೆನ್ನಿನ ಮೇಲೂ ಐದು ಎಂಬ ನಂಬರು, ಕೆಳಗೆ ಆಯಾ ವರ್ಷ. ತಂಡದ ಮುಖ್ಯ ರೇಡರ್ ತೊಡುವುದು ಐದನೇ ನಂಬರು. ಎದುರಾಳಿಗಳ ನಡುವೆ ನುಗ್ಗಿ ಎಳೆದಾಡಿಸಿಕೊಂಡು ಬರುವವನು ಅವನೇ ಆದ್ದರಿಂದ ಎಲ್ಲಕ್ಕಿಂತ ಹೆಚ್ಚು ಹರಿಯುವುದೂ ಅದೇ. ಸೀಸನ್ನು ಮುಗಿದ ಮೇಲೆ ಉಳಿದ ಅಂಗಿಗಳನ್ನು ಊರಿನವರು ಹೊಲದ ಕೆಲಸಕ್ಕೆಂದು ಇಸಿದುಕೊಂಡು ಹೋಗುತ್ತಾರೆ. ತೇಪೆ ಬಿದ್ದ ಐದನೇ ನಂಬರು ಯಾರಿಗೂ ಬೇಡ. ಅದು ರಾಚಮ್ಮನವರಿಗೇ ಉಳಿಯುತ್ತದೆ.

ಅಂಗಿಯ ಕೆಳಅಂಚನ್ನು ಮಗುಚಿದರೆ ಒಳಗೆ ಸಾಲಾಗಿ ಪುಟ್ಟ ಪುಟ್ಟ ಹೊಲಿಗೆಗಳು ಕಾಣುತ್ತವೆ. ಗೆದ್ದ ಪಂದ್ಯಕ್ಕೆ ಕೆಂಪು ದಾರ, ಸೋತದ್ದಕ್ಕೆ ಕರಿ ದಾರ, ಸಮವಾದರೆ ಎರಡನ್ನೂ ಹೊಸೆದು ಒಂದು. ಮೊದಲ ಸೀಸನ್ನಿನ ಅಭ್ಯಾಸ ಪಂದ್ಯದ ಹೊತ್ತಿಗೆ ಒಣಹಾಕಿದ ಬಟ್ಟೆ ಬೇರೆ ತಂಡದವರ ಬಟ್ಟೆಯೊಡನೆ ಬೆರೆತು ಜಗಳವಾಗಿತ್ತು. ಅದಕ್ಕೆಂದು ಗುರುತಿನ ದಾರ ಹಾಕತೊಡಗಿದವರು, ತಂಡ ಲೀಗಿನ ಮೊದಲ ಪಂದ್ಯದಲ್ಲೇ ಗೆದ್ದ ದಿನ ಖುಷಿಗೆ ಒಂದು ಕೆಂಪು ಎಳೆ ಹಾಕಿದರು. ಮರುವಾರ ಸೋತಾಗ ಸುಮ್ಮನಿರಲು ಮನಸ್ಸು ಒಪ್ಪಲಿಲ್ಲ. “ಗೆದ್ದಿದ್ನ ಬರ್ಕೊಂಡು ಸೋತಿದ್ನ ಬುಟ್ರೆ ಅದ್ಯಾವ ನ್ಯಾಯ?” ಅಂದಿನಿಂದ ಹೊಲಿಯಲು ಸೂಜಿ ಹಿಡಿದಾಗಲೆಲ್ಲ ಆ ದಿನದ ಎಳೆಯೂ ಬೀಳುತ್ತ ಬಂತು.

ಅವರು ಬೆರಳಾಡಿಸಿ ಓದುತ್ತಾರೆ. ಮೊದಲ ಸೀಸನ್ನು: ಎರಡು ಕೆಂಪು, ಐದು ಕರಿ. ಐದನೆಯದು: ಆರು ಕೆಂಪು, ಒಂದು ಕರಿ, ಸೆಮಿಫೈನಲ್ಲಿನ ಕೆಂಪು, ಕೊನೆಗೆ ಫೈನಲ್ಲಿನ ಕರಿ. ಹನ್ನೆರಡನೆಯದರಲ್ಲಿ ನಾಲ್ಕೇ ಎಳೆ, ಆಮೇಲೆ ಖಾಲಿ. ಅದು ಕೊರೋನಾ ಬಂದ ವರ್ಷ. ಹದಿನೈದನೆಯದು ಏಳಕ್ಕೆ ಏಳೂ ಕರಿ. “ಆ ವರ್ಸ ಕರಿದಾರುದ್ ಉಂಡೆ ಮುಗ್ದೋಗಿ ಕೋಟೆಗೋಗಿ ತಂದೆ” ಎನ್ನುತ್ತಾರೆ.

ಹೋದ ನವೆಂಬರಿನಲ್ಲಿ ಲೀಗಿನವರು ಒಂದು ತೀರ್ಮಾನ ಮಾಡಿದರು. ಎಂಟು ತಂಡವನ್ನು ಆರಕ್ಕೆ ಇಳಿಸುವುದು. ಮೊದಲಿನಿಂದ ಒಂದೂ ಸೀಸನ್ನು ಬಿಡದೆ ಆಡಿದ ತಂಡಗಳಿಗೆ ಖಾಯಂ ಜಾಗ ಕೊಡುವುದು. ಸೀಸನ್‌ವಾರು ಇತಿಹಾಸದ ಒಂದು ಪುಸ್ತಕ ಅಚ್ಚು ಹಾಕಿಸುವುದು. ಇತಿಹಾಸ ಬರೆಯುವ ಹುಮ್ಮಸ್ಸಿನಲ್ಲಿ ಅವರಿಗೆ ತಮ್ಮ ಕಚೇರಿಯಲ್ಲಿ ಮೊದಲ ಒಂಬತ್ತು ಸೀಸನ್ನುಗಳ ಕಡತವೇ ಇಲ್ಲವೆಂಬುದು ತಡವಾಗಿ ಹೊಳೆಯಿತು. ತಂಡಗಳೇ ದಾಖಲೆ ತನ್ನಿ ಎಂದರು. ಬೀಚನಹಳ್ಳಿಯ ದಾಖಲೆಗಳು ಗುರುಮಲ್ಲಪ್ಪನವರ ಅಟ್ಟದಲ್ಲಿದ್ದವು. ಇಳಿಸಿ ನೋಡಿದರೆ ಗೆದ್ದಲು ತಿಂದು ಮಣ್ಣು ಮಾಡಿತ್ತು.

ಪೆಟ್ಟಿಗೆಯನ್ನು ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ರಾಚಮ್ಮ ಹುಣಸೂರಿನ ಲೀಗ್ ಕಚೇರಿಗೆ ಹೋದದ್ದು ಹಾಗೆ. ಕಾರ್ಯದರ್ಶಿ ಚೇತನ್‌ಕುಮಾರ್ ಮೊದಲು ನಕ್ಕರಂತೆ. ತಮ್ಮಲ್ಲಿರುವ ಹತ್ತರಿಂದ ಹದಿನಾರರವರೆಗಿನ ಪುಸ್ತಕ ತೆರೆದು ಒಂದೊಂದೇ ದಾರಕ್ಕೆ ತಾಳೆ ಹಾಕಿ ನೋಡಿದರು. ಒಂದೆಳೆಯೂ ತಪ್ಪಿರಲಿಲ್ಲ. ನಗು ನಿಂತಿತು. ಒಂದರಿಂದ ಎಂಟರವರೆಗೆ ರಾಚಮ್ಮ ಬೆರಳಿಟ್ಟು ಹೇಳುತ್ತ ಹೋದರು, ಅವರು ಬರೆಯುತ್ತ ಹೋದರು. ಆಮೇಲೆ ಕೇಳಿದರು: “ಒಂಬತ್ತನೇದು ಎಲ್ಲಮ್ಮ?”

ಒಂಬತ್ತನೇ ಸೀಸನ್ನು, ಎರಡು ಸಾವಿರದ ಹದಿನೇಳು. ಆ ವರ್ಷ ಐದನೇ ನಂಬರು ತೊಟ್ಟವನು ಇದೇ ಊರಿನ ಸುನೀಲ್‌ಕುಮಾರ್. ಇಪ್ಪತ್ತೆರಡು ವರ್ಷ. ಪಂದ್ಯ ಮುಗಿದ ಮೇಲೆ ತನ್ನ ಅಂಗಿಯನ್ನು ತಾನೇ ಜಾಲಿಸಿ ರಾಚಮ್ಮನವರ ಕೈಗೆ ಕೊಡುತ್ತಿದ್ದವನು ಹದಿನಾರು ಸೀಸನ್ನಿನಲ್ಲಿ ಅವನೊಬ್ಬನೇ. ಸಾಲಿಗ್ರಾಮದಲ್ಲಿ ಸೆಮಿಫೈನಲ್. ಆರು ಅಂಕ ಮುಂದಿದ್ದರು. ರೇಡಿಗೆ ಹೋದವನನ್ನು ನಾಲ್ವರು ಎತ್ತಿ ಕೆಡವಿದರು. ಕತ್ತು ಅಡಿಗೆ ಬಿತ್ತು. ಬೇಕೆಂದು ಮಾಡಿದ್ದಲ್ಲ, ಆಟದಲ್ಲಿ ಆಗುವುದೇ ಆಯಿತು. ಉಳಿದ ಆಟಗಾರರೆಲ್ಲ ಅವನನ್ನು ವ್ಯಾನಿಗೆ ಹಾಕಿಕೊಂಡು ಮೈಸೂರಿಗೆ ಓಡಿದರು. ಅಂಕಣದಲ್ಲಿ ಬೀಚನಹಳ್ಳಿಯವರು ಒಬ್ಬರೂ ಉಳಿಯಲಿಲ್ಲ. ರೆಫರಿ ನಿಯಮದಷ್ಟು ಹೊತ್ತು ಕಾದು ಸಾಲಿಗ್ರಾಮಕ್ಕೆ ವಾಕ್‌ಓವರ್ ಗೆಲುವು ಬರೆದರು. ಮೂರನೇ ದಿನ ಸುನೀಲ್‌ಕುಮಾರ್ ತೀರಿಕೊಂಡ.

ರಾಚಮ್ಮನವರ ಹತ್ತಿರ ಆ ಅಂಗಿ ಇತ್ತು. ಆಸ್ಪತ್ರೆಯಲ್ಲಿ ಬಿಚ್ಚಿ ಕೊಟ್ಟಿದ್ದರು. ತಣ್ಣೀರಿಗೆ ಉಪ್ಪು ಹಾಕಿ ನೆನೆಸಿ, ಒಗೆದು, ಕಿತ್ತುಹೋದ ಭುಜ ಹೊಲಿದರು. “ಸೂಜಿ ಕೈಲಿತ್ತು. ಕೆಂಪ್ ದಾರ ಒಂದ್ಕಡೆ, ಕರಿ ದಾರ ಒಂದ್ಕಡೆ. ಯಾವ್ದ ಪೋಣುಸ್ಲಿ? ಎರ್ಡೂ ಆಕ್ನಿಲ್ಲ.” ಅವನ ತಾಯಿ ಚಿಕ್ಕಮಾದಮ್ಮ ಕೇಳಿದ್ದು ಒಂದೇ: ನನ್ನ ಮಗನಿಗೆ ಅದೇ ಅಂಗಿ ತೊಡಿಸಿ. ತೊಡಿಸಿ ಮಣ್ಣು ಮಾಡಿದರು. ಆ ವರ್ಷ ಗ್ರೂಪ್ ಫೋಟೋ ತೆಗೆಸುವ ಮನಸ್ಸು ಯಾರಿಗೂ ಇರಲಿಲ್ಲ. ಪತ್ರಿಕೆಯಲ್ಲಿ ಯುವಕನ ಸಾವು ಎಂದು ನಾಲ್ಕು ಸಾಲು ಬಂತು. ಯಾವ ಪಂದ್ಯ, ಯಾವ ತಂಡ ಎಂಬುದು ಅದರಲ್ಲಿರಲಿಲ್ಲ.

ಇದನ್ನೆಲ್ಲ ಕೇಳಿ ಚೇತನ್‌ಕುಮಾರ್ ಕನ್ನಡಕ ತೆಗೆದು ಒರೆಸಿಕೊಂಡರಂತೆ. “ನಂಗೆ ನಂಬ್ಕೆ ಇದೆ ಕಣಮ್ಮ. ಆದ್ರೆ ಸಾಲಿಗ್ರಾಮದವ್ರು ತಂದಿರೋ ಕಾಗದದಲ್ಲಿ ವಾಕ್‌ಓವರ್ ಅಂತಷ್ಟೇ ಇದೆ, ಯಾರ್ ಮೇಲೆ ಅಂತಿಲ್ಲ. ಸಮಿತಿಗೆ ಏನಾದ್ರೂ ತೋರಿಸ್ಬೇಕಲ್ಲ. ಒಂದ್ ವಾರ ಟೈಮ್ ಕೊಡ್ತೀನಿ” ಎಂದರು.

ಆ ವಾರ ರಾಚಮ್ಮನವರ ಪಾಲಿಗೆ ಕೆಟ್ಟದ್ದು. ಗುರುಮಲ್ಲಪ್ಪನವರ ಬೀರುವಿನಲ್ಲಿ ಅದೇ ವರ್ಷದ, ಯಾರೂ ತೊಡದ ಹನ್ನೆರಡನೇ ನಂಬರಿನ ಅಂಗಿಯೊಂದು ಸಿಕ್ಕಿತು. ಅವರು ಅದನ್ನು ಹಿಡಿದು ಬಂದರು. “ನಂಬರ್ ಬದಲಾಯ್ಸುಸ್ತೀನಿ ರಾಚಮ್ಮ. ನಾಕ್ ಕೆಂಪು, ಮೂರ್ ಕರಿ, ನಿಂಗೇ ನೆಪ್ಪಿದ್ಯಲ್ಲ. ಸುಳ್ಳೇನಲ್ಲ. ಆಕ್ಬುಡು, ಊರ್ ಮಾನ ಉಳೀಲಿ” ಎಂದರು. ಅವರು ಕೆಟ್ಟವರಲ್ಲ. ಹದಿನಾರು ವರ್ಷ ತಂಡಕ್ಕಾಗಿ ಚಪ್ಪಲಿ ಸವೆಸಿದವರು. ಮಾತಾಡುವಾಗ ಅವರ ಕಣ್ಣೂ ಒದ್ದೆಯಾಗಿತ್ತು.

ರಾಚಮ್ಮ ಆ ಅಂಗಿಯನ್ನು ಎರಡು ದಿನ ಮನೆಯಲ್ಲಿಟ್ಟುಕೊಂಡರು. ಸೂಜಿಗೆ ದಾರವನ್ನೂ ಪೋಣಿಸಿದರು. ಮೂರನೇ ದಿನ ಮಡಿಸಿ ವಾಪಸು ಕೊಟ್ಟರು.

“ಅವತ್ತಿಂದ್ ಅವತ್ತೇ ಆಕಿದ್ ದಾರ ಅವು. ಎಂಟ್ ವರ್ಸ ಆದ್ಮೇಲೆ ಕುಂತ್ಕೊಂಡ್ ಆಕುದ್ರೆ ಅದು ಕಸೂತಿ ಆಯ್ತದೆ, ದಾಖ್ಲೆ ಆಗಾಕಿಲ್ಲ. ಅದೊಂದು ಸುಳ್ಳಾದ್ರೆ ಮಿಕ್ಕಿದ್ ಅದ್ನೈದೂ ಸುಳ್ಳಾಗ್ತವೆ” ಎನ್ನುತ್ತಾರೆ. ಒದ್ದೆ ಅಂಗಿಯೊಂದನ್ನು ಹಿಂಡುತ್ತ ಮತ್ತೆ ಹೇಳುತ್ತಾರೆ: “ಇನ್ನೊಂದ್ ಐದ್ನೇ ನಂಬ್ರು ಮಾಡ್ಬುಟ್ರೆ, ಅವ್ನು ಮೈಮೇಲ್ ಆಕ್ಕೊಂಡ್ ಓದ್ನಲ್ಲ, ಅದು ಯಾವ್ದು?”

ಊರು ಇದನ್ನು ಅರ್ಥ ಮಾಡಿಕೊಳ್ಳಲಿಲ್ಲ. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ. ಹದಿನಾರು ಸೀಸನ್ನು ಕಟ್ಟಿದ ತಂಡ ಒಂದು ಸಾಲಿನಲ್ಲಿ ಮುರಿಯಿತು. ಬೀಚನಹಳ್ಳಿಯ ಹೆಸರಿಲ್ಲದ ಆರು ತಂಡಗಳ ಪಟ್ಟಿ ಬಂದ ಮೇಲೆ ಒಳ್ಳೆಯ ಆಟಗಾರರು ಕೆ.ಆರ್. ನಗರಕ್ಕೂ ಪಿರಿಯಾಪಟ್ಟಣಕ್ಕೂ ಹಂಚಿಹೋದರು. ಅಂಗಡಿಯ ಮುಂದೆ ಕೂತವರು ರಾಚಮ್ಮ ಹಾದುಹೋದರೆ ಕೇಳುವ ಹಾಗೆ ಆಡಿಕೊಳ್ಳುತ್ತಾರೆ: “ಏಳ್ ದಾರ ಆಕಿದ್ರೆ ಇವ್ಳ್ ಗಂಟೇನ್ ಓಯ್ತಿತ್ಲಾ?” ಬೇಜಾರಾಗುವುದಿಲ್ಲವೇ ಎಂದರೆ ಅವರು ಮುಚ್ಚಿಡುವುದಿಲ್ಲ. ಆಗುತ್ತದೆ. ತಪ್ಪು ಮಾಡಿದೆನೇನೋ ಎಂದು ಒಬ್ಬರೇ ಕೂತು ಅತ್ತದ್ದೂ ಇದೆ. ಉಳಿದ ಐದಾರು ಮಂದಿ ಆಟಗಾರರು ಈಗಲೂ ಸಂಜೆ ಅಭ್ಯಾಸಕ್ಕೆ ಬರುತ್ತಾರೆ. ಸರದಿಯ ಮೇಲೆ ಹನ್ನೆರಡೂ ಅಂಗಿ ತೊಡುತ್ತಾರೆ, ಅವಕ್ಕೂ ಬೆವರಾಗುತ್ತದೆ. ಆದರೆ ಅಂಚಿನಲ್ಲಿ ಹಾಕಲು ದಾರದ ಕೆಲಸವಿಲ್ಲ.

ಬೈದವರಲ್ಲಿ ಸೇರದವರು ಚಿಕ್ಕಮಾದಮ್ಮ ಒಬ್ಬರೇ. ಅಂಗಿ ಬೇಕಂತೆ ಎಂಬ ಸುದ್ದಿ ಕೇಳಿ ಅವರು ಹೇಳಿದ್ದು ಇಷ್ಟೇ: “ಬರ್ಲಿ ಸಮಿತಿಯೋರು. ಜಾಗ ನಾನೇ ತೋರುಸ್ತೀನಿ. ಅಗ್ಕೊಂಡ್ ನೋಡ್ಕೊಳ್ಳಿ.” ಅದನ್ನು ನೆನೆದು ರಾಚಮ್ಮ ತಗ್ಗಿದ ದನಿಯಲ್ಲಿ ಹೇಳುತ್ತಾರೆ: “ಪಾಲೀಸ್ಟರ್ ಬಟ್ಟೆ ಕಣವ್ವ. ಮಣ್ಣಾಗಾಕಿಲ್ಲ. ಏಳ್ ದಾರಾನೂ ಅಂಗೇ ಇರ್ತವೆ ಒಳ್ಗೆ.”

ಹೊತ್ತು ಮೂಡಿದೆ. ಹಗ್ಗದ ಮೇಲೆ ಹನ್ನೆರಡು ನೀಲಿ ಅಂಗಿಗಳು ಸಾಲಾಗಿ ತೂಗುತ್ತಿವೆ. ರಾಚಮ್ಮ ಸೊಂಟದ ಚೀಲದಿಂದ ಮಡಿಸಿದ ಒಂದು ಹಾಳೆ ತೆಗೆಯುತ್ತಾರೆ. ಅಚ್ಚಾದ ಇತಿಹಾಸದ ಪುಸ್ತಕದಲ್ಲಿ ಬೀಚನಹಳ್ಳಿಯ ಪುಟ. ಓದಲು ಬಾರದಿದ್ದರೂ ಯಾವ ಸಾಲು ಎಲ್ಲಿದೆಯೆಂದು ಅವರಿಗೆ ಗೊತ್ತು. ಒಂದರಿಂದ ಎಂಟು, ಅವರ ದಾರದ ಲೆಕ್ಕವೇ. ಹತ್ತರಿಂದ ಹದಿನಾರು, ಅದೂ ಸರಿ. ನಡುವೆ ಒಂಬತ್ತನೇ ಸೀಸನ್ನಿನ ಎದುರಿಗೆ ಒಂದೇ ಪದವಿದೆ: ಆಡಿಲ್ಲ.

ಉಪ್ಪುನೀರಿನಿಂದ ಬಿರಿದ ಬೆರಳು ಆ ಪದದ ಮೇಲೆ ನಿಲ್ಲುತ್ತದೆ.

“ನಮ್ಗೆ ಜಾಗ ಕೊಡ್ದಿದ್ರೆ ಬ್ಯಾಡ. ನನ್ ಎಸ್ರೂ ಬ್ಯಾಡ. ಇದೊಂದ್ ಅಕ್ಸರವ ಅಳುಸ್ಲಿ ಅಂತ ಬರೀರವ್ವ. ಆಡ್ತಾ ಆಡ್ತಾನೇ ಓದ ಕಣವ್ವ ನಮ್ ಉಡ್ಗ.”