ಪರದೆಯ ಮೇಲಿನ ಸೀರೆ ಯಾರ ಮಗ್ಗದ್ದು?

ಗೆಳೆಯರೇ, ಈಗಷ್ಟೇ ಮನೆಗೆ ಬಂದೆ. ಕೂಗಿ ಕೂಗಿ ಗಂಟಲು ಕಟ್ಟಿದೆ!

ದೊಡ್ಡಬಳ್ಳಾಪುರದ ನಮ್ಮ ನೇಕಾರರ ಬೀದಿಯಲ್ಲೇ ಹುಟ್ಟಿ ದೊಡ್ಡ ಹೆಸರು ಮಾಡಿದ ಪಿಟೀಲು ವಿದ್ವಾಂಸರ ಸಾಕ್ಷ್ಯಚಿತ್ರವನ್ನು ಇಂದು ಸಮುದಾಯ ಭವನದಲ್ಲಿ ತೋರಿಸಿದರು. ಮುಂಬೈಯಲ್ಲಿ ಅವರು ಕಳೆದ ಕೊನೆಯ ವರ್ಷಗಳ ಕಥೆ. ಬೀದಿಯ ಪವರ್‌ಲೂಮ್‌ಗಳನ್ನೆಲ್ಲ ನಿಲ್ಲಿಸಿ ಹೋಗಿದ್ದೆವು. "ಮುಂಬೈಗೆ ಹೋದೋನು ಒಂದ್ಸಲನಾದ್ರೂ ಊರು ನೆನೆಸ್ಕೊಂಡ್ನಾ?" ಎಂದು ಗೊಣಗುತ್ತಲೇ ನಮ್ಮ ದೊಡ್ಡಪ್ಪನೂ ಬಂದಿದ್ದರು.

ಪರದೆಯಲ್ಲಿ ವಿದ್ವಾಂಸರು ಬಾಲ್ಕನಿಯಲ್ಲಿ ಕುಳಿತು ಮಾತು ಶುರುಮಾಡಿದರು. ಅವರ ಹೆಂಡತಿ ಕಾಫಿ ತಂದರು. ದೊಡ್ಡಪ್ಪ ಎದ್ದು ನಿಂತೇಬಿಟ್ಟರು.

"ಲೇ, ಆಯಮ್ಮ ಉಟ್ಟಿರೋದು ನಮ್ಮ ಮಗ್ಗದ ಸೀರೆ ಕಣ್ರೋ! ಅಂಚು ನೋಡ್ರೋ!"

ಎದುರುಮನೆ ಸಿದ್ದಪ್ಪನವರೂ ಎದ್ದರು. "ಯಾವ್ ಸೀಮೆ ನಿಮ್ಮ ಮಗ್ಗ? ಆ ಡಿಸೈನ್ ಹಾಕ್ಸಿದ್ದು ನಮ್ಮಪ್ಪ!"

ಸಭೆ ಎರಡು ಪಾಲಾಯಿತು. ನಾನು ಕುರ್ಚಿ ಹತ್ತಿ ದೊಡ್ಡಪ್ಪನ ಪರ ಕೂಗಿದೆ. ಸೆರಗು ನೋಡಬೇಕು, ಚಿತ್ರ ಹಿಂದಕ್ಕೆ ಓಡಿಸಿ ಎಂದು ಹೆಂಗಸರ ಹಟ. ವಿದ್ವಾಂಸರ ಮಾತು ಒಬ್ಬರಿಗೂ ಕೇಳಲಿಲ್ಲ. ಕಡೆಗೆ ದೊಡ್ಡಪ್ಪನೇ ಕುಳಿತು, "ಯಾರ ಮಗ್ಗದ್ದೋ ಇರ್ಲಿ, ಅವ್ನು ಊರು ಮರ್ತಿರ್ಲಿಲ್ಲ ಬಿಡು" ಎಂದರು.

ಚಿತ್ರ ಮಾಡಿದ ಹುಡುಗಿ ಬೆಪ್ಪಾಗಿ ನಿಂತಿದ್ದಳು. ವಿದ್ವಾಂಸರು ಊರು ಬಿಟ್ಟ ಕಾರಣ ಹೇಳಿದ್ದು ಅದೇ ದೃಶ್ಯದಲ್ಲಂತೆ.

"ಏನಂದ್ರಮ್ಮಾ?" ಎಂದು ಕೇಳಿದೆ.

"ನಮ್ಮ ಬೀದಿ ಗದ್ದಲದಲ್ಲಿ ನನ್ನ ಪಿಟೀಲು ನನಗೇ ಕೇಳ್ತಿರ್ಲಿಲ್ಲ ಅಂದ್ರು, ಸಾರ್."

ಮಗ್ಗ ನಿಲ್ಲಿಸಿ ಹೋಗಿದ್ದೇ ದಂಡ.