ಹದಿನೇಳು ಜೊತೆ ಕಾಲುಂಗುರ

ಮಧುಗಿರಿಯಲ್ಲಿ ಹೆಂಗಸರು ಐವತ್ತು ಕೇಜಿ ಕಡಲೆಕಾಯಿ ಮೂಟೆ ಹೊತ್ತರೆ ಯಾರೂ ತಲೆ ಎತ್ತಿ ನೋಡುವುದಿಲ್ಲ. ಹುಣಸೆಹಣ್ಣು ಕುಟ್ಟಿ ಕುಟ್ಟಿ ರಟ್ಟೆ ಕಲ್ಲು ಮಾಡಿಕೊಂಡರೂ ಯಾರಿಗೂ ಏನೂ ಅನ್ನಿಸುವುದಿಲ್ಲ, ಅದು ಸಂಸಾರ. ಅದೇ ರಟ್ಟೆಯನ್ನು ಒಂದು ಕೋಣೆಯೊಳಗೆ, ಕನ್ನಡಿ ಮುಂದೆ ನಿಂತು, ತಮಗೋಸ್ಕರ ಬೆಳೆಸಿಕೊಂಡರೆ ಮಾತ್ರ ಊರಿಗೆ ಹೊಟ್ಟೆನೋವು ಶುರುವಾಗುತ್ತದೆ. ಗಂಗಲಕ್ಷ್ಮಿಗೆ ಇದು ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದೂ ಕಡಲೆಕಾಯಿ ಮಂಡಿಯ ಮೇಲಿನ ಮಹಡಿಯನ್ನು ಬಾಡಿಗೆಗೆ ಹಿಡಿದು, ಬಾಗಿಲ ಮೇಲೆ ‘ಗೂಳಿ ಫಿಟ್‌ನೆಸ್’ ಎಂದು ಕೆಂಪಕ್ಷರದಲ್ಲಿ ಬೋರ್ಡು ಬರೆಸಿದಳು.

ಗೂಳಿ ಅಂದರೆ ಅವಳೇ. ಐ.ಡಿ.ಹಳ್ಳಿಯ ಬೊಮ್ಮಪ್ಪನ ಎರಡನೇ ಮಗಳು. ಆರನೇ ಕ್ಲಾಸಿಗೆ ಬರುವಷ್ಟರಲ್ಲಿ ಮೇಷ್ಟ್ರ ಭುಜದ ಎತ್ತರ, ಅದಕ್ಕೆ ತಕ್ಕ ಅಗಲ. “ಗೂಳಿ ಬಂತು, ದಾರಿ ಬುಡ್ರಲಾ!” ಎಂದು ಹುಡುಗರು ಕೂಗಿ ಗೋಡೆಗೆ ಅಂಟಿಕೊಳ್ಳುತ್ತಿದ್ದರು. ಬ್ಯಾಗಿನೊಳಗೆ ಒಣಹುಲ್ಲು ತುರುಕುತ್ತಿದ್ದರು. ಹುಡುಗಿಯರೇನು ಕಮ್ಮಿಯಿರಲಿಲ್ಲ, ಇಬ್ಬರ ಜಾಗ ತಿನ್ನುತ್ತಾಳೆ ಎಂದು ಅವಳನ್ನು ಬೆಂಚಿಗೆ ಸೇರಿಸುತ್ತಿರಲಿಲ್ಲ. ಮನೆಯಲ್ಲಿ ಅವ್ವ ಹೊನ್ನಕ್ಕ ದಿನದಿಂದ ದಿನಕ್ಕೆ ಅವಳ ಮುದ್ದೆಯನ್ನು ಚಿಕ್ಕದು ಮಾಡುತ್ತ ಬಂದಳು. “ಇಂಗೆ ಬೆಳುದ್ರೆ ನಿನ್ನ ಯಾರ್ ಕಟ್ಕತಾರೆ ಕಣಮ್ಮ?” ಎನ್ನುತ್ತಿದ್ದಳು. ಹುಲ್ಲು ತುರುಕಿದ್ದಕ್ಕಿಂತ ಆ ಚಿಕ್ಕ ಮುದ್ದೆ ಹುಡುಗಿಯನ್ನು ಹೆಚ್ಚು ಅಳಿಸಿತು.

ಎಂಟನೇ ಕ್ಲಾಸಿನಲ್ಲಿ, ಕ್ರೀಡಾಕೂಟದ ಹಿಂದಿನ ವಾರ, ಮೈದಾನ ಸಮ ಮಾಡಲು ಕಲ್ಲಿನ ರೋಲರು ತರಿಸಿದ್ದರು. ನಾಲ್ಕು ಜನ ಎಳೆಯಬೇಕಾದ ರೋಲರು. ಹುಡುಗರು ಅದರ ಹಗ್ಗವನ್ನು ತಂದು ಗಂಗಳ ಸೊಂಟಕ್ಕೆ ಸುತ್ತಿ, “ಹೋಯ್, ಹೋಯ್” ಎಂದು ಎತ್ತು ಅಟ್ಟುವಂತೆ ಅಟ್ಟಿದರು. ಇಡೀ ಸ್ಕೂಲು ನಗುತ್ತಿತ್ತು. ಓಡಿಹೋಗಲು ಹಗ್ಗ ಬಿಡಲಿಲ್ಲ. ಅವಮಾನಕ್ಕೋ ಸಿಟ್ಟಿಗೋ, ಅವಳು ಕಣ್ಣು ಮುಚ್ಚಿ ಎಳೆದೇ ಬಿಟ್ಟಳು. ರೋಲರು ಹೊರಳಿತು. ಮೈದಾನದ ಆ ತುದಿಯ ತನಕ ಹೊರಳಿತು. ನಗು ಅರ್ಧ ದಾರಿಯಲ್ಲೇ ನಿಂತುಹೋಗಿತ್ತು, ಅವಳಿಗೆ ಮಾತ್ರ ಕೇಳಿಸುತ್ತಲೇ ಇತ್ತು.

ಗದ್ದಲ ಕೇಳಿ ಬಂದವರು ಪಿ.ಟಿ. ಮೇಷ್ಟ್ರು ಕದಿರಯ್ಯ. ಪಾವಗಡದ ಕಡೆಯವರು, ಬಾಯಿ ತೆರೆದರೆ ಅರ್ಧ ತೆಲುಗು. ಹುಡುಗರಿಗೆ ಬಾರಿಸುತ್ತಾರೆ ಎಂದು ಎಲ್ಲರೂ ಕಾದರು. ಅವರು ಹುಡುಗರ ಕಡೆ ತಿರುಗಿಯೂ ನೋಡಲಿಲ್ಲ.

“ಏಡ್ಸೋದು ಬುಡು ಪಾಪಾ. ಇಂಕೋಸಾರಿ ಎಳಿ, ನೋಡಾಣ.”

ಅವಳು ಮೂಗು ಒರೆಸಿಕೊಂಡು ಇನ್ನೊಂದು ಸಲ ಎಳೆದಳು. ಮೇಷ್ಟ್ರು ಹಗ್ಗ ಬಿಚ್ಚಿ, “ಭುಜ ಮುದುರ್ಕೊಂಡು ನಡೀಬ್ಯಾಡ ಇನ್ಮೇಲೆ. ಈ ಭುಜಕ್ಕೆ ಅಂತ್ಲೇ ಒಂದು ಆಟ ಐತೆ,” ಎಂದರು. ಮುಂದಿನ ಭಾನುವಾರ ತಮ್ಮ ಕೈಯಿಂದಲೇ ಚಾರ್ಜು ಕೊಟ್ಟು ತುಮಕೂರಿನ ಜೂಡೊ ಕ್ಲಾಸಿಗೆ ಕರೆದುಕೊಂಡು ಹೋದರು.

ಅಲ್ಲಿಂದ ಮುಂದಿನದನ್ನು ಗಂಗ ಯಾರ ಮುಂದೆಯೂ ಉದ್ದಕ್ಕೆ ಹೇಳುವುದಿಲ್ಲ. ಜೂಡೊ, ಆಮೇಲೆ ಕೊರಟಗೆರೆಯಲ್ಲಿ ಪಿಯುಸಿ, ಆಮೇಲೆ ಬೆಂಗಳೂರಿನ ಒಂದು ಮಾಲ್‌ನಲ್ಲಿ ಹೆಂಗಸರ ಬ್ಯಾಗು ತಪಾಸಣೆ ಮಾಡುವ ಸೆಕ್ಯುರಿಟಿ ಕೆಲಸ. ಸಂಜೆ ಒಂದು ಎಂಎಂಎ ಜಿಮ್ಮಿನಲ್ಲಿ ಮ್ಯಾಟ್ ಒರೆಸಿ, ಆ ಕೂಲಿಗೆ ಬದಲಾಗಿ ಗುದ್ದುವುದು, ಒದೆಯುವುದು, ನೆಲಕ್ಕೆ ಕೆಡವಿ ಅದುಮಿ ಹಿಡಿಯುವುದು ಎಲ್ಲವನ್ನೂ ಕಲಿತಳು. ಜಾಲರಿ ಕಟ್ಟಿದ ಕೇಜಿನೊಳಗೆ ಒಂಬತ್ತು ಸಲ ಇಳಿದಳು, ಆರು ಸಲ ಗೆದ್ದಳು. ಒಂಬತ್ತನೇ ಸಲ ಕಾಲಿನ ಮಂಡಿ ಹೋಯಿತು. ಹೋದರೆ ಹೋಗಲಿ ಎಂದು ಊರಿಗೆ ಬಂದು ಬೋರ್ಡು ಹಾಕಿದಳು. ಹೆಸರು ಬೇರೆ ಇಡು ಎಂದು ಅಪ್ಪ ಗೋಗರೆದ. “ಅವ್ರು ಪುಕ್ಸಟ್ಟೆ ಇಟ್ಟ ಹೆಸ್ರು. ನಾನು ದುಡ್ಕಂಡೀನಿ,” ಎಂದಳು.

ಸಂಜೆ ಗಂಡಸರು ಬಂದರು. ಮೊದಲು ಅಣಕಿಸಲು ಬಂದರು, ಮೂರನೇ ದಿನ ಮೈಕೈ ನೋವಾಗಿ ಮನೆಯಲ್ಲಿ ಮಲಗಿದರು, ನಾಲ್ಕನೇ ವಾರ ಫೀಸು ಕಟ್ಟಿದರು. ಓಟ್ಸು, ಡಬ್ಬದ ಪುಡಿ ಎಂದು ಬಾಯಿ ಬಿಟ್ಟವರಿಗೆ ಅವಳು ಹುರುಳಿಕಾಳು, ಕಡಲೆಬೀಜ, ಮುದ್ದೆಯ ಪಟ್ಟಿ ಬರೆದುಕೊಟ್ಟಳು. ಎರಡು ವರ್ಷದಲ್ಲಿ ಕೊರಟಗೆರೆಯಲ್ಲಿ ಇನ್ನೊಂದು ಶಾಖೆ ಎದ್ದಿತು, ಶಿರಾದಲ್ಲಿ ಜಾಗ ನೋಡುತ್ತಿದ್ದಳು. ಆದರೆ ಅವಳ ಜೀವವೆಲ್ಲ ಇದ್ದದ್ದು ಮಧುಗಿರಿಯ ಬೆಳಗಿನ ಆರು ಗಂಟೆಯ ಹೆಂಗಸರ ಬ್ಯಾಚಿನಲ್ಲಿ. ಹದಿನೇಳು ಜನ, ಹದಿನೇಳೂ ಜನ ಮದುವೆಯಾದವರು. ಟೈಲರ್ ಪುಷ್ಪಾವತಿ ಇದ್ದಳು. ಹೊಳವನಹಳ್ಳಿಯಿಂದ ಸೊಸೆಯಾಗಿ ಬಂದು ಪೊಲೀಸ್ ಪರೀಕ್ಷೆಗೆ ತಯಾರಾಗುತ್ತಿದ್ದ ಲೋಹಿತಾ ಇದ್ದಳು. ಮತ್ತೆ, ಯಾರಿಗೂ ಹೇಳಬಾರದು ಎಂದು ಆಣೆ ಹಾಕಿಸಿಕೊಂಡು ಬರುತ್ತಿದ್ದ ದಾಕ್ಷಾಯಣಮ್ಮನವರು. ಇವರು ಬೇರೆ ಯಾರೂ ಅಲ್ಲ, ಮಂಡಿಯ ಯಜಮಾನರೂ ಆ ಮಹಡಿಯ ಮಾಲೀಕರೂ ಆದ ರೇಣುಕಯ್ಯನವರ ಹೆಂಡತಿ.

ಅವರಿಗೆ ಸಕ್ಕರೆ ಕಾಯಿಲೆ. ವ್ಯಾಯಾಮ ಮಾಡಿ ಎಂದು ಡಾಕ್ಟರು ಹೇಳಿದರೆ, ಅಡುಗೆಮನೆಯಿಂದ ನಡುಮನೆಗೆ ಓಡಾಡಿದರೆ ಸಾಲದೇ ಎಂದು ಗಂಡ ಕೇಳಿದರು. ಹಾಗಾಗಿ ಗುಡಿಗೆ ಪ್ರದಕ್ಷಿಣೆ ಹಾಕಲು ಹೋಗುತ್ತೇನೆಂದು ಹೇಳಿ ಹಿಂದಿನ ಮೆಟ್ಟಿಲು ಹತ್ತಿ ಬರುತ್ತಿದ್ದರು. ಆರು ತಿಂಗಳಲ್ಲಿ ಏಳು ಕೇಜಿ ಇಳಿದರು, ಸಕ್ಕರೆಯೂ ಇಳಿಯಿತು. ದೇವರ ಮಹಿಮೆ ಎಂದು ರೇಣುಕಯ್ಯನವರು ಗುಡಿಗೆ ಒಂದು ಡಬ್ಬ ಎಣ್ಣೆ ಕೊಟ್ಟುಬಂದರು. ಗಂಗ ಆ ಸುದ್ದಿ ಕೇಳಿ ಮ್ಯಾಟಿನ ಮೇಲೆ ಬಿದ್ದು ನಕ್ಕಿದ್ದಳು.

ಗುದ್ದು, ಒದೆ ಕಲಿಸುವ ಆ ಬ್ಯಾಚಿನಲ್ಲಿ ಒಂದು ನಿಯಮವಿತ್ತು, ಮ್ಯಾಟಿನ ಮೇಲೆ ಲೋಹ ಇಲ್ಲ. ಬಳೆ ಇಲ್ಲ, ಮೂಗುಬೊಟ್ಟು ಇಲ್ಲ. ತಾಳಿಯನ್ನು ಬಟ್ಟೆಯೊಳಗೆ ಬಿಗಿಯಾಗಿ ಸೇರಿಸಿಕೊಂಡರೆ ಅದು ತನ್ನ ಪಾಡಿಗೆ ಇರುತ್ತದೆ, ಯಾರನ್ನೂ ಒದೆಯುವುದಿಲ್ಲ. ಕಾಲು ಹಾಗಲ್ಲ. ಶುರುವಿನಲ್ಲಿ ಕಾಲುಂಗುರಕ್ಕೆ ಟೇಪು ಸುತ್ತಿಸಿ ನೋಡಿದಳು. ಬೆವರಿಗೆ ಟೇಪು ಜಾರಿತು, ಪುಷ್ಪಾವತಿಯ ಕಾಲುಂಗುರ ಲೋಹಿತಾಳ ಹುಬ್ಬು ಸೀಳಿತು. ನಾಲ್ಕು ಹೊಲಿಗೆ. ಅರ್ಧ ಇಂಚು ಕೆಳಗಾಗಿದ್ದರೆ ಕಣ್ಣು. ಅವತ್ತಿನಿಂದ ಬಾಗಿಲ ಬಳಿ ಒಂದು ಸ್ಟೀಲ್ ತಟ್ಟೆ ಬಂತು. ಎಲ್ಲರೂ ಕಾಲುಂಗುರ ಬಿಚ್ಚಿ ಅದಕ್ಕೆ ಹಾಕಿ ಒಳಗೆ ಬರುವರು, ಮುಗಿದ ಮೇಲೆ ಹಾಕಿಕೊಂಡು ಮನೆಗೆ ಹೋಗುವರು. ದಾಕ್ಷಾಯಣಮ್ಮನವರ ಬೆರಳು ಊದಿ ಉಂಗುರ ಬರಲೇ ಇಲ್ಲ. ಗಂಗಳೇ ಅವರ ಕಾಲ ಬಳಿ ಕೂತು, ಸೋಪಿನ ನೀರು ಹಾಕಿ ನಿಧಾನಕ್ಕೆ ಜಾರಿಸಿ ತೆಗೆದಿದ್ದಳು.

ಇಷ್ಟೆಲ್ಲ ಬುದ್ಧಿ ಇದ್ದವಳು ಒಂದು ದಿನ ಪೆದ್ದುತನ ಮಾಡಿದಳು. ಆ ಬೆಳಿಗ್ಗೆ ಹದಿನೇಳಕ್ಕೆ ಹದಿನೇಳೂ ಜನ ಬಂದಿದ್ದರು. ತಟ್ಟೆ ತುಂಬಿತ್ತು. ಖುಷಿ ತಡೆಯಲಾರದೆ ತಟ್ಟೆಯ ಫೋಟೊ ತೆಗೆದು, ‘ಇವತ್ತು ಫುಲ್ ಹಾಜರಿ!’ ಎಂದು ವಾಟ್ಸಾಪ್ ಸ್ಟೇಟಸ್ಸಿಗೆ ಹಾಕಿದಳು.

ಊರು ಕಾಲುಂಗುರವನ್ನು ತಟ್ಟೆಯಲ್ಲಿ ನೋಡುವುದು ಒಂದೇ ದಿನ. ಗಂಡ ಸತ್ತ ಹನ್ನೊಂದನೇ ದಿನ, ಹೆಂಗಸಿನ ಕಾಲಿಂದ ಬಿಚ್ಚಿ ತಟ್ಟೆಗೆ ಹಾಕುತ್ತಾರಲ್ಲ, ಆ ದಿನ. ಗಂಗಳಿಗೆ ಕಂಡದ್ದು ಹಾಜರಿ, ಊರಿಗೆ ಕಂಡದ್ದು ಹದಿನೇಳು ಜನ ವಿಧವೆಯರು. ಮಧ್ಯಾಹ್ನದೊಳಗೆ ಫೋಟೊ ಶಿರಾ ದಾಟಿ ಬುಕ್ಕಾಪಟ್ಟಣ ತಲುಪಿತ್ತು. ಸ್ಟೇಟಸ್ಸನ್ನು ಅಳಿಸಿದಳು, ಆದರೆ ಊರಿನ ಫೋನುಗಳಿಂದ ಅಳಿಸುವುದು ಹೇಗೆ? ಮಾರನೆಯ ದಿನ ಐದು ಜನ ಬಂದರು, ಮೂರನೆಯ ದಿನ ಪುಷ್ಪಾವತಿ, ಲೋಹಿತಾ ಇಬ್ಬರೇ. ದಾಕ್ಷಾಯಣಮ್ಮನವರ ಸುಳಿವೂ ಇಲ್ಲ.

ನಾಲ್ಕನೆಯ ದಿನ ಆರು ಗಂಟೆಗೆ ಸರಿಯಾಗಿ ರೇಣುಕಯ್ಯನವರೇ ಮೆಟ್ಟಿಲು ಹತ್ತಿ ಬಂದರು. ಜೊತೆಗೆ ಪಕ್ಕದ ಅಂಗಡಿಯ ಲಕ್ಷ್ಮಯ್ಯ. ರೇಣುಕಯ್ಯನವರ ಕೈಯಲ್ಲಿದ್ದ ಫೋನಿನಲ್ಲಿ ಅದೇ ತಟ್ಟೆ. ಪುಷ್ಪಾವತಿ, ಲೋಹಿತಾ ಆಗಲೇ ಮ್ಯಾಟಿನ ಮೇಲಿದ್ದರು.

“ನೋಡಮ್ಮ ಗಂಗಲಕ್ಷ್ಮಿ, ನೀನು ಕಸರತ್ತು ಮಾಡ್ಸು, ನಾನು ಬ್ಯಾಡ ಅನ್ನಲ್ಲ,” ಎಂದು ರೇಣುಕಯ್ಯ ಶುರುಮಾಡಿದರು. “ಮುತ್ತೈದೇರ ಕಾಲುಂಗುರ ಬಿಚ್ಸಾಕೆ ನೀನ್ಯಾರು? ಮದ್ವೆ ಆಗಿದ್ರೆ ಅದ್ರ ಬೆಲೆ ಗೊತ್ತಾಗ್ತಿತ್ತು.”

“ಬೆಲೆ ಗೊತ್ತಿಲ್ಲ ಯಜಮಾನ್ರೇ, ಏಟು ಗೊತ್ತು. ಈ ಹುಡ್ಗಿ ಹುಬ್ಬು ನೋಡಿ.”

“ಅದಕ್ಕೇನು, ಟೇಪು ಸುತ್ಸು.”

“ಟೇಪು ಸುತ್ತಿದ್ದಾಗ್ಲೇ ಆಗಿದ್ದು ಇದು.”

ಉತ್ತರ ಸಿಗದ ಗಂಡಸರು ಮಾಲೀಕರಾಗುತ್ತಾರೆ. “ಅದೆಲ್ಲ ನಂಗೆ ಗೊತ್ತಿಲ್ಲ. ತಪ್ಪಾಯ್ತು, ಇನ್ಮೇಲೆ ಬಿಚ್ಸಲ್ಲ ಅಂತ ಸ್ಟೇಟಸ್ ಹಾಕು. ಇಲ್ದಿದ್ರೆ ಸೋಮವಾರಕ್ಕೆ ಮಹಡಿ ಖಾಲಿ ಮಾಡು.”

ಲಕ್ಷ್ಮಯ್ಯ ನಡುವೆ ಬಾಯಿ ಹಾಕಿದ. “ಸುಮ್ಕೆ ಯಾಕೆ ಜಗ್ಳ? ಇದ್ರಾಗೆ ಯಾರ್ಯಾರ್ವು ಐತೆ ಅಂತ ಹೆಸ್ರು ಹೇಳ್ಬುಡಮ್ಮ. ಅವರವರ ಗಂಡಂದ್ರಿಗೆ ನಾವೇ ಬುದ್ಧಿ ಹೇಳ್ಕಂತೀವಿ.”

ಗಂಗಳ ನಾಲಿಗೆಯ ತುದಿಯಲ್ಲಿ ಒಂದೇ ಒಂದು ಹೆಸರು ಬಂದು ಕೂತಿತು. ಅದನ್ನು ಹೇಳಿದರೆ ಸಾಕು, ಈ ಮನುಷ್ಯ ಇಲ್ಲೇ ಕುಸಿದು ಕೂರುತ್ತಾನೆ, ಜಿಮ್ಮು ಉಳಿಯುತ್ತದೆ. ಹದಿನೈದು ವರ್ಷ ಒದೆ ತಿಂದು, ಮ್ಯಾಟ್ ಒರೆಸಿ, ಮಂಡಿ ಕಳೆದುಕೊಂಡು ಕಟ್ಟಿದ್ದು. ಅಳು ಬರುವಷ್ಟು ಆಸೆಯಾಯಿತು. ಆದರೆ ನಾಲ್ಕು ಜನರ ನಡುವೆ ಬೆರಳು ಮಾಡಿ ತೋರಿಸಿದರೆ ಹೇಗಿರುತ್ತದೆ ಎನ್ನುವುದು ಈ ಊರಿನಲ್ಲಿ ಅವಳಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಅವಳು ನೆಟ್ಟಗೆ ನಿಂತಳು. ಹಾಗೆ ನಿಂತರೆ ಇಬ್ಬರು ಗಂಡಸರೂ ಅವಳ ಗದ್ದದ ಹತ್ತಿರ ಬರುತ್ತಿದ್ದರು.

“ಹೆಸ್ರು ಹೇಳಾಕಿಲ್ಲ. ಮಹಡಿ ನಿಮ್ದು, ಬಾಯಿ ನಂದು. ಸೋಮವಾರ ಯಾಕೆ, ಭಾನುವಾರಕ್ಕೇ ಖಾಲಿ ಮಾಡ್ತೀನಿ. ಬಯಲಾಗೆ ಮ್ಯಾಟ್ ಹಾಸ್ಕಂಡು ಹೇಳ್ಕೊಡ್ತೀನಿ. ಅಲ್ಲೂ ಕಾಲುಂಗುರ ಬಿಚ್ಚೇ ಬರ್ಬೇಕು.”

“ಎಷ್ಟು ಪೊಗರು ನೋಡು!” ಎಂದ ಲಕ್ಷ್ಮಯ್ಯ.

ಹಿಂದಿನ ಮೆಟ್ಟಿಲ ಬಾಗಿಲು ಕಿರುಗುಟ್ಟಿತು. ದಾಕ್ಷಾಯಣಮ್ಮನವರು ಸೀರೆ ಉಟ್ಟೇ ಬಂದಿದ್ದರು, ಕೆಳಗಿನಿಂದ ಟ್ರ್ಯಾಕ್ ಪ್ಯಾಂಟು ಇಣುಕುತ್ತಿತ್ತು. ಗಂಗ ತಲೆ ಅಲ್ಲಾಡಿಸಿ, ಹೋಗಿ ಹೋಗಿ ಎಂದು ಕಣ್ಣಲ್ಲೇ ಬೇಡಿಕೊಂಡಳು. ಅವರು ನೋಡಿದರೂ ನೋಡದವರಂತೆ ಮುಂದೆ ಬಂದರು.

ರೇಣುಕಯ್ಯನವರಿಗೆ ಮೊದಲು ಅರ್ಥವೇ ಆಗಲಿಲ್ಲ. “ನೀನ್ಯಾಕೆ ಬಂದೆ ಇಲ್ಲಿಗೆ? ಗುಡಿಗೆ ಹೋಗ್ಲಿಲ್ವೇನೆ?”

“ಆರು ತಿಂಗ್ಳಿಂದ ಇಲ್ಲಿಗೇ ಬರ್ತಿರೋದು ನಾನು. ಎರಡು ದಿನ ಹೆದ್ರಿ ಮನೇಲಿ ಕೂತೆ. ಸಾಕಾಯ್ತು.” ದಾಕ್ಷಾಯಣಮ್ಮನವರು ಗಂಡನ ಎದುರಿಗೇ ಬಂದು ನಿಂತರು. “ಆ ಫೋಟೊ ತೋರ್ಸಿ ಇಲ್ಲಿ. ಇದ್ರಲ್ಲಿ ನಂದೂ ಐತೆ. ಯಾವ್ದು ಹೇಳಿ.”

“ಏನೇ ಅದು ಮಾತು, ಎಲ್ರ ಮುಂದೆ…”

“ಧಾರೆ ದಿನ ನೀವೇ ಬಗ್ಗಿ ಹಾಕಿದ್ದು. ಮೂವತ್ತೊಂದು ವರ್ಷ ನಿಮ್ಮ ಕಣ್ಮುಂದೇನೇ ಓಡಾಡೀನಿ. ಹದಿನೇಳು ಜೊತೆಯಾಗೆ ನಿಮ್ಮ ಜೊತೆ ಯಾವ್ದು ಅಂತ ತೋರ್ಸಿ. ತೋರ್ಸಿದ್ರೆ ನಾನು ಈಗ್ಲೇ ಮನೆಗೆ ಬರ್ತೀನಿ, ಈ ಹುಡ್ಗೀನೂ ಖಾಲಿ ಮಾಡ್ಲಿ.”

ಗಂಗಳ ಬಾಳೆಲ್ಲ ಈಗ ಒಂದು ಫೋಟೊದ ಮೇಲೆ ನಿಂತಿತ್ತು.

ರೇಣುಕಯ್ಯನವರು ಕನ್ನಡಕ ಹಾಕಿಕೊಂಡರು. ಎರಡು ಬೆರಳಿನಿಂದ ಫೋಟೊವನ್ನು ಹಿಗ್ಗಿಸಿದರು. ಆ ಕಡೆ ಸರಿಸಿದರು, ಈ ಕಡೆ ಸರಿಸಿದರು. ಲಕ್ಷ್ಮಯ್ಯ ಚಾವಣಿ ನೋಡತೊಡಗಿದ. ತುಂಬಾ ಹೊತ್ತಾದ ಮೇಲೆ ರೇಣುಕಯ್ಯನವರ ಬೆರಳು ಒಂದು ಕಡೆ ನಿಂತಿತು. “ಇದು. ಈ ಹೂವಿನ ಕೆತ್ತನೇದು. ಇದೇ ಅಲ್ವಾ?”

ಮ್ಯಾಟಿನ ಮೇಲಿಂದ ಪುಷ್ಪಾವತಿ ಕುತ್ತಿಗೆ ಚಾಚಿ ನೋಡಿದಳು. “ಅಯ್ಯೋ, ಅದು ನಂದು ಕಣ್ರೀ ಯಜಮಾನ್ರೇ.”

ಲೋಹಿತಾ ನಗು ತಡೆಯಲಾಗದೆ ಗೋಡೆ ಕಡೆ ತಿರುಗಿದಳು. ದಾಕ್ಷಾಯಣಮ್ಮನವರು ಮಾತ್ರ ನಗಲಿಲ್ಲ.

“ಸಕ್ರೆ ಕಾಯ್ಲೆಗೆ ಬೆರಳು ಊದಿ ಆ ಉಂಗುರ ಮಾಂಸಕ್ಕೆ ಇಳ್ದಿತ್ತು. ಇನ್ನೊಂದು ತಿಂಗ್ಳು ಬಿಟ್ಟಿದ್ರೆ ಬೆರಳೇ ಕತ್ತರಿಸ್ಬೇಕಾಗ್ತಿತ್ತು ಅಂದ್ರು ಡಾಕ್ಟ್ರು. ನನ್ನ ಕಾಲು ಹಿಡ್ಕೊಂಡು ಕೂತು ಬಿಚ್ಚಿದೋಳು ಇವ್ಳು. ಒಂದಿನ ಬಗ್ಗಿ ನೋಡ್ದಿರೋ ನಿಮ್ಗೆ ಇವತ್ತು ಕಾಲುಂಗುರದ ಚಿಂತೆ ಬಂತಾ?”

ಇಷ್ಟು ಹೇಳಿ ಅವರು ಗೋಡೆಗೆ ಒಂದು ಕೈ ಕೊಟ್ಟು ಬಗ್ಗಿದರು. ಆ ಕಾಲಿಂದ ಒಂದು, ಈ ಕಾಲಿಂದ ಒಂದು ತೆಗೆದರು. ತಟ್ಟೆ ಪಕ್ಕದಲ್ಲೇ ಇತ್ತು, ಅದರ ಕಡೆ ನೋಡಲಿಲ್ಲ. ಗಂಡನ ಬಲಗೈ ಹಿಡಿದು, ಬೆರಳು ಬಿಡಿಸಿ, ಎರಡನ್ನೂ ಅಂಗೈಯಲ್ಲಿಟ್ಟರು.

“ಏಳು ಗಂಟೆಗೆ ಮುಗೀತದೆ. ಅಲ್ಲೀ ತಂಕ ಹಿಡ್ಕಂಡಿರಿ. ಹೆಂಗೈತೆ ಅಂತ ಸರ್ಯಾಗಿ ನೋಡ್ಕಳಿ.”

ಸೀರೆ ಬಿಚ್ಚಿ ಮಡಿಸಿ ಕಿಟಕಿಯಲ್ಲಿಟ್ಟು, ಟ್ರ್ಯಾಕ್ ಪ್ಯಾಂಟು ಟೀಶರ್ಟಿನಲ್ಲಿ ಅವರು ಮ್ಯಾಟಿಗೆ ಬಂದು ಲೋಹಿತಾಳ ಪಕ್ಕದಲ್ಲಿ ನಿಂತರು. ಗಂಗ ಸೀಟಿ ಊದಿದಳು. ಮೂವರೂ ಓಡತೊಡಗಿದರು. ಲಕ್ಷ್ಮಯ್ಯ ಯಾವಾಗ ಇಳಿದುಹೋದನೋ ಯಾರೂ ನೋಡಲಿಲ್ಲ. ರೇಣುಕಯ್ಯನವರು ಮಾತ್ರ ಬಾಗಿಲ ಹೊರಗೆ ಅಂಗೈ ಚಾಚಿಕೊಂಡು ಏಳು ಗಂಟೆಯ ತನಕ ನಿಂತಿದ್ದರು, ಅವನ್ನು ಜೇಬಿಗೆ ಹಾಕಿಕೊಳ್ಳಲೂ ಅವರಿಗೆ ಧೈರ್ಯ ಬರಲಿಲ್ಲ.