ಸಪ್ಪೆ ಸಾರಿನ ಗುಣಾಕಾರ

ಸಪ್ಪೆ ಸಾರಿನ ಮುಂದೆ ಕೂತವನಿಗೆ ವೈರಾಗ್ಯ ಬರುತ್ತದೆಂದು ಕೇಳಿದ್ದೆ. ನನಗೆ ಮೊದಲು ಬಂದದ್ದು ಹಸಿವು, ಆಮೇಲೆ ಬಂದದ್ದು ರಸಾಯನಶಾಸ್ತ್ರ.

ಬಿ.ಪಿ. ಏರಿದೆ, ಉಪ್ಪನ್ನು ಅರ್ಧಕ್ಕೆ ಇಳಿಸಿ ಎಂದು ಡಾಕ್ಟರು ಹೇಳಿ ತಿಂಗಳಾಯಿತು. ಹೆಂಡತಿ ಅಂದೇ ಆಜ್ಞೆಯನ್ನು ಜಾರಿಗೆ ತಂದಳು. ಬನಶಂಕರಿಯ ನಮ್ಮ ಅಡುಗೆಮನೆಯಲ್ಲಿ ಅಂದಿನಿಂದ ಒಗ್ಗರಣೆಯ ಸದ್ದೊಂದೇ ಮೊದಲಿನಂತಿದೆ. ಉಪ್ಪು ಎಲ್ಲಾದರೂ ಅಡಗಿದ್ದೀತೆಂದು ಹುಡುಕುತ್ತ ನಾನು ಒಂದು ಬಟ್ಟಲಿನ ಜಾಗದಲ್ಲಿ ಎರಡು ಬಟ್ಟಲು ಸಾರು ಸುರಿದುಕೊಳ್ಳತೊಡಗಿದೆ. ಸಪ್ಪೆಯಾದದ್ದೆಲ್ಲ ನಿರಪರಾಧಿ ಎಂಬುದು ನನ್ನ ವಾದ. ‘ಉಪ್ಪಿಗಿಂತ ರುಚಿಯಿಲ್ಲ’ ಎಂದ ಹಿರಿಯರು, ಎಷ್ಟು ಉಪ್ಪು ಎಂಬುದನ್ನು ನಮ್ಮ ವಿವೇಕಕ್ಕೆ ಬಿಟ್ಟುಹೋದರು. ದೊಡ್ಡ ಅವಿವೇಕ.

ಮೊನ್ನೆ ಜಯನಗರದ ಕ್ಲಿನಿಕ್ಕಿನಲ್ಲಿ ನೋಡಿದರೆ ಬಿ.ಪಿ. ಒಂದಿಷ್ಟೂ ಇಳಿದಿಲ್ಲ. ಡಾಕ್ಟರು ನನ್ನ ಹಳೆಯ ವಿದ್ಯಾರ್ಥಿನಿ. ಪಿಯುಸಿಯಲ್ಲಿ ಮೋಲಾರಿಟಿಯ, ಅಂದರೆ ಲೀಟರಿಗೆ ಎಷ್ಟು ಉಪ್ಪು ಕರಗಿದೆಯೆಂಬ ಲೆಕ್ಕ ಕೊಟ್ಟಾಗಲೆಲ್ಲ ಮಿಲಿಲೀಟರನ್ನು ಲೀಟರಿಗೆ ತರಲು ಮರೆತು, ಒಂದು ಲೋಟ ನೀರಿನಲ್ಲಿ ಲಾರಿಗಟ್ಟಲೆ ಉಪ್ಪು ಕರಗಿಸುತ್ತಿದ್ದವಳು.

“ಸಾರ್, ಉಪ್ಪು ನಿಜವಾಗ್ಲೂ ಕಮ್ಮಿ ಮಾಡಿದೀರಾ?”

“ಬಾಯಿಗಿಡಕ್ಕಾಗಲ್ಲಮ್ಮ, ಅಷ್ಟು ಸಪ್ಪೆ.”

“ಬಾಯಿಗಿಡಕ್ಕಾಗಲ್ಲ, ಎರಡು ಬಟ್ಲು ಮಾತ್ರ ಇಳಿಯತ್ತೆ,” ಎಂದಳು ಪಕ್ಕದಲ್ಲಿ ಕೂತಿದ್ದ ಹೆಂಡತಿ, ಯಾರೂ ಕೇಳದಿದ್ದರೂ.

ಡಾಕ್ಟರಮ್ಮ ಪೆನ್ನು ಕೆಳಗಿಟ್ಟಳು. “ಸಾರ್, ಮೋಲಾರಿಟಿ ಅರ್ಧ, ವಾಲ್ಯೂಮ್ ಡಬಲ್. ಮೋಲ್ಸ್ ಎಷ್ಟು?”

ನೌಕರಿಯುದ್ದಕ್ಕೂ ಬೋರ್ಡಿನ ಮೇಲೆ ಬರೆದ ಲೆಕ್ಕ. ಮೊದಲು ಸಾರಿನ ಉಪ್ಪು 0.2 ಮೋಲಾರ್ ಎನ್ನೋಣ, ಕುಡಿದದ್ದು ಕಾಲು ಲೀಟರು. ಈಗ 0.1 ಮೋಲಾರ್, ಅರ್ಧ ಲೀಟರು. ಗುಣಿಸಿದರೆ ಉಪ್ಪಿನ ಒಟ್ಟು ಮೊತ್ತ ಆಗಲೂ 0.05 ಮೋಲ್, ಈಗಲೂ 0.05 ಮೋಲ್. ತಿಂಗಳಿಡೀ ನಾನು ಬಿಟ್ಟದ್ದು ರುಚಿಯೊಂದನ್ನೇ. ಉಪ್ಪು ಪೂರ್ತಿ ಒಳಗೇ ಹೋಗಿತ್ತು.

“ಮೊದಲಿನಷ್ಟೇ,” ಎಂದೆ. ಕ್ಲಾಸಿನಲ್ಲಿ ಅವಳ ದನಿ ಹೀಗೇ ಇಳಿಯುತ್ತಿತ್ತು.

“ಹಾಗಾದ್ರೆ ಸಪ್ಪೆ ಸಾರು ಒಂದೇ ಬಟ್ಲು. ಇಲ್ಲಾಂದ್ರೆ ಮೊದಲಿನ ಉಪ್ಪೇ ಹಾಕಿಸ್ಕೊಂಡು ಅರ್ಧ ಬಟ್ಲು. ಎರಡೂ ಒಂದೇ ಸಾರ್. ಮುಂದಿನ ತಿಂಗಳೂ ಇಳೀದಿದ್ರೆ ಸಾರೇ ಬಂದ್.”

ಎರಡೂ ಒಂದೇ ಎನ್ನುತ್ತದೆ ಸೂತ್ರ. ಸೂತ್ರಕ್ಕೆ ನಾಲಿಗೆಯಿಲ್ಲ. ನಾನು ಅರ್ಧ ಬಟ್ಟಲನ್ನು ಆರಿಸಿಕೊಂಡೆ.

ಇವತ್ತು ಮಧ್ಯಾಹ್ನ ಅದು ನಾಲ್ಕು ತುತ್ತಿಗೆ ಮುಗಿಯಿತು. ನಾಲ್ಕೂ ಸ್ವರ್ಗ. ಸೂತ್ರದಲ್ಲಿ ಅನ್ನಕ್ಕೆಂದು ಒಂದಕ್ಷರವೂ ಇಲ್ಲವೆಂಬುದು, ತಟ್ಟೆಯಲ್ಲಿ ಉಳಿದ ಬಿಳಿ ಗುಡ್ಡವನ್ನು ಕಂಡಾಗ ಹೊಳೆಯಿತು. ಮಜ್ಜಿಗೆ ಹಾಕಿಸಿಕೊಂಡು, ಉಪ್ಪಿಲ್ಲದೆ ಕಲಸಿದೆ.

ವೈರಾಗ್ಯ, ತಡವಾಗಿಯಾದರೂ, ಬಂತು.